ಟವೆಲ್ಲಿನ ಗಂಟು

ಲೈನ್‌ಮನ್ ಚೌಡಪ್ಪ ಟ್ರಾನ್ಸ್‌ಫಾರ್ಮರಿನ ಮೂರೂ ಫ್ಯೂಸ್ ಕಿತ್ತ. ಕಂಬ ಹತ್ತುವ ಮುನ್ನ ಟವೆಲ್ಲಿನ ಗಂಟೊಂದನ್ನು ಜೊತೆಗಾರ ನಿಂಗರಾಜನ ಕೈಗಿತ್ತ.

“ಫ್ಯೂಸ್ ಇದ್ರಲ್ಲಿವೆ. ನಾನು ಇಳಿಯೋವರೆಗೂ ಹುಷಾರು.”

ನಿಂಗರಾಜ ಗಂಟನ್ನು ಎರಡೂ ಕೈಯಲ್ಲಿ ಹಿಡಿದುಕೊಂಡ. ಫ್ಯೂಸ್ ಹಾಕಿದ ಕ್ಷಣವೇ ತಂತಿಗೆ ಕರೆಂಟು; ಅದನ್ನು ಹಿಡಿದವನ ಕೈಯಲ್ಲೇ ಕಂಬದ ಮೇಲಿನವನ ಜೀವ. ಮೂರು ತಿಂಗಳ ಹಿಂದೆ ಚೌಡಪ್ಪ ಶಾಕ್ ಹೊಡೆದು ಕಂಬದಿಂದ ಬಿದ್ದು ಭುಜ ಮುರಿದುಕೊಂಡಿದ್ದ. ಹಿಟ್ಟಿನ ಗಿರಣಿಯ ಜನರೇಟರಿನಿಂದ ತಂತಿಗೆ ಕರೆಂಟು ನುಗ್ಗಿತೆಂದು ಎಲ್ಲರೂ ಅಂದರು. ನಿಂಗರಾಜನೂ ಹೂಂಗುಟ್ಟಿದ್ದ. ಕೆಲಸಕ್ಕೆ ಮರಳಿದ ಮೇಲೆ ಚೌಡಪ್ಪ ಫ್ಯೂಸ್‌ಗಳನ್ನು ತನ್ನ ಜೇಬಿನಲ್ಲೇ ಇಟ್ಟುಕೊಂಡು ಕಂಬ ಹತ್ತುತ್ತಿದ್ದ. ಇವತ್ತು ಮತ್ತೆ ಇವನ ಕೈಗೆ ಕೊಟ್ಟಿದ್ದಾನೆ.

ಕೆಲಸ ಮುಗಿಯುವವರೆಗೂ ನಿಂಗರಾಜ ಗಂಟನ್ನು ಎದೆಗವಚಿಕೊಂಡು ನಿಂತ. ಬೀಡಿ ಹಚ್ಚಲಿಲ್ಲ, ಹೆಂಡತಿಯ ಫೋನ್ ಬಂದರೂ ಎತ್ತಲಿಲ್ಲ. ಚೌಡಪ್ಪನ ಕಾಲು ನೆಲಕ್ಕೆ ತಾಕಿದ್ದೇ ತಡ, ಮಾತು ತಾನಾಗಿ ಹೊರಬಿತ್ತು.

“ಅಣ್ಣ, ಅವತ್ತು ಜನರೇಟರ್ ಅಲ್ಲ. ನೀನು ಇಳ್ದೆ ಅಂದ್ಕೊಂಡು ನಾನೇ ಫ್ಯೂಸ್ ಹಾಕ್ದೆ.”

ಚೌಡಪ್ಪ ನಿಧಾನವಾಗಿ ಕೈಗವಸು ಬಿಚ್ಚಿದ.

“ಗೊತ್ತು ಕಣೋ. ನೀನೇ ಹೇಳ್ಲಿ ಅಂತ ಕಾಯ್ತಿದ್ದೆ.”

“ಗೊತ್ತಿದ್ದೂ ನನ್ ಕೈಗೆ ಕೊಟ್ಟು ಹತ್ತಿದ್ಯಾ?”

ಚೌಡಪ್ಪ ಅಂಗಿಯ ಜೇಬಿಗೆ ಕೈಹಾಕಿ ಮೂರು ಫ್ಯೂಸ್ ತೆಗೆದು ಅವನ ಮುಂದೆ ಹಿಡಿದ.

“ಟವೆಲ್ಲಲ್ಲಿರೋವು ಸುಟ್ಟುಹೋಗಿರೋ ಹಳೇವು, ಎಸೆದ್ಬಿಡು. ತಗೋ, ಇವನ್ನ ನೀನೇ ಹಾಕು.”