ಅಲ್ ಕೂಜ್‌ನ ಪುಟ್ಟ ಸಿನಗಾಗ್

ಸುಟ್ಟ ಅಕ್ರಿಲಿಕ್ ವಾಸನೆ ಬಂದರೆ ಈಗಲೂ ನನ್ನ ಬೆನ್ನು ತಣ್ಣಗಾಗುತ್ತದೆ.

ಅಪ್ಪನಿಗೆ ಕೊಲ್ಲಿ ನಾಡಿನ ಅಲ್ ಕೂಜ್‌ನಲ್ಲಿ, ಅಕ್ರಿಲಿಕ್ ಹಾಳೆಗಳನ್ನು ಲೇಸರ್‌ನಲ್ಲಿ ಕತ್ತರಿಸಿ ಕಟ್ಟಡಗಳ ಮಾಡೆಲ್ ಮಾಡುವ ಕೆಲಸ. ಒಂದು ಮಧ್ಯಾಹ್ನ ನನ್ನನ್ನೂ ಕರೆದೊಯ್ದಿದ್ದರು. ಮೇಜಿನ ಮೇಲೆ ಗೋಪುರವಿಲ್ಲದ, ಓರೆ ಕಂಬಗಳ ಬಿಳಿ ಚೌಕ ಕಟ್ಟಡವಿತ್ತು.

"ಸಿನಗಾಗ್. ಯಹೂದಿಗಳು ಪ್ರಾರ್ಥನೆ ಮಾಡುವ ಜಾಗ," ಎಂದರು ಅಪ್ಪ. "ಇಲ್ಲಿ ಇನ್ನೂ ಕಟ್ಟಿಲ್ಲ ಮಾರಾಯ್ತಿ."

ಒಳಗೆ ಮುಖವಿಲ್ಲದ ಪುಟ್ಟ ಬೊಂಬೆಗಳಿದ್ದವು. ಮಸೀದಿಗಳ ಮಾಡೆಲ್ ಮಾಡಿಯೇ ಕೈ ಪಳಗಿದ್ದ ಹಮೀದ್ ಅಂಕಲ್ ಅವನ್ನೆಲ್ಲ ಮೆಕ್ಕಾದ ಕಡೆಗೇ ತಿರುಗಿಸಿ ಅಂಟಿಸಿದ್ದರು.

"ಇವರು ತಿರುಗಬೇಕಾದ್ದು ಜೆರುಸಲೇಮ್ ಕಡೆಗೆ. ಅದು ಆ ಕಡೆ ಅಲ್ಲ," ಎಂದರು ಅಪ್ಪನ ಜೊತೆ ಕೆಲಸ ಮಾಡುವ ಮುಂಬೈಯ ಸ್ಯಾಮ್ ಅಂಕಲ್. ನಾವು ಅವರನ್ನು ಕ್ರಿಶ್ಚಿಯನ್ ಎಂದೇ ತಿಳಿದಿದ್ದೆವು. ಪ್ರತಿ ಕ್ರಿಸ್‌ಮಸ್‌ಗೆ ಅಮ್ಮ ಕೇಕ್ ಕಳಿಸುತ್ತಿದ್ದಳು. ಸ್ಯಾಮ್ ಅಂಕಲ್ ಮಾಡೆಲ್‌ನ ತಾರಸಿ ಎತ್ತಿ, ಚಿಮಟದಲ್ಲಿ ಒಂದೊಂದೇ ಬೊಂಬೆಯನ್ನು ಕಿತ್ತು ತಿರುಗಿಸತೊಡಗಿದರು. ತುಟಿ ಅಲುಗುತ್ತಿತ್ತು, ಸದ್ದಿರಲಿಲ್ಲ.

"ನಿಮಗೆ ಹೇಗೆ ಗೊತ್ತು ಸ್ಯಾಮ್ ಭಾಯ್?" ಎಂದು ಹಮೀದ್ ಅಂಕಲ್ ಕೇಳಿದರು.

ಸ್ಯಾಮ್ ಅಂಕಲ್ ಮುಂದಿನ ಬೊಂಬೆಯನ್ನು ಚಿಮಟದಲ್ಲಿ ಹಿಡಿದರು. ಅಪ್ಪ ಎದ್ದು ಹೋಗಿ, ಹೊರಗಿನವರಿಗೆ ಕಾಣದಂತೆ ಶಟರ್ ಎಳೆದರು.

ಕತ್ತಲಲ್ಲಿ ಮಾಡೆಲ್‌ನ ಒಳದೀಪ ಮಾತ್ರ ಉಳಿಯಿತು. ನಾನು ಪುಟ್ಟ ಬಾಗಿಲಲ್ಲಿ ಇಣುಕಿದೆ. ಬೊಂಬೆಗಳೆಲ್ಲ ಮುಖ ಮಾಡಿದ್ದ ಕಿಟಕಿಯ ತುಂಬ, ಆಚೆ ಬದಿಯಿಂದ ಬಗ್ಗಿದ್ದ ಸ್ಯಾಮ್ ಅಂಕಲ್ ಅವರ ಒಂದೇ ದೊಡ್ಡ ಕಣ್ಣು, ಒದ್ದೆಯಾಗಿ, ರೆಪ್ಪೆ ಬಡಿಯದೆ.

ಆ ವರ್ಷದ ಕ್ರಿಸ್‌ಮಸ್‌ಗೂ ಅಮ್ಮ ಕೇಕ್ ಕಟ್ಟಿಕೊಟ್ಟಳು. ಅಪ್ಪ ಸ್ಯಾಮ್ ಅಂಕಲ್ ವಿಷಯ ಅವಳಿಗೆ ಹೇಳದೆಯೇ ತೆಗೆದುಕೊಂಡು ಹೋದರು.