ಜರುಗಿದ ಬೇಲಿ

ದೋರ್ಲೊ ಬೇಲಿಕಂಬದ ಮೇಲೆ ಬಲಗೈ ಇಟ್ಟು, ಆಮ್ನೆ ಮಾಚೆನ್ ಬೆಟ್ಟದ ಕಡೆ ತಿರುಗಿ ಆಣೆ ಮಾಡಿಯೇಬಿಟ್ಟ.

"ಬೆಟ್ಟದಪ್ಪನ ಆಣೆಗೂ ನನ್ನ ಕಂಬ ಅಪ್ಪ ನೆಟ್ಟ ಜಾಗದಲ್ಲೇ ಇದೆ. ಜರುಗಿದ್ದು ಅತ್ತಿಗೆಯವರ ಬೇಲಿ."

ನ್ಯಾಯ ಹೇಳಲು ಬಂದಿದ್ದ ಮುದುಕ ಅಖು ಖಾಬುಮ್ ತಲೆಯಾಡಿಸಿದ. ಆ ಸೀಮೆಯಲ್ಲಿ ಬೆಟ್ಟದ ಮೇಲೆ ಆಣೆ ಬಿದ್ದರೆ ಅರ್ಧ ವ್ಯಾಜ್ಯ ಮುಗಿದ ಹಾಗೆ. ಎದುರಿನವರೂ ಆಣೆ ಮಾಡಬೇಕು, ಇಲ್ಲವೇ ಸೋತೆ ಅನ್ನಬೇಕು. ಅಖು ದೋರ್ಲೊನ ಅತ್ತಿಗೆ ಲುಮೊಳ ಕಡೆ ನೋಡಿದ. ಅವಳು ಸೊಂಟಕ್ಕೆ ಕೈಕೊಟ್ಟು ನಿಂತಿದ್ದಳು. ಮುಖದಲ್ಲಿ ಅಳುಕಿನ ಸುಳಿವೇ ಇರಲಿಲ್ಲ.

ಲುಮೊಳ ಮಾವ ಹುಲ್ಲುಗಾವಲನ್ನು ಇಬ್ಬರು ಮಕ್ಕಳಿಗೆ ಪಾಲು ಮಾಡಿದಾಗ ಗುಡ್ಡದಿಂದ ಹೊಳೆಯವರೆಗೆ ನೆಟ್ಟಗೆ ತಂತಿಬೇಲಿ ಎಳೆಸಿದ್ದ. ಮೇಲಿನ ಅರ್ಧ ಬೇಲಿಯ ರಿಪೇರಿ ಲುಮೊಳ ಗಂಡನಿಗೆ, ಕೆಳಗಿನ ಅರ್ಧ ತಮ್ಮ ದೋರ್ಲೊನಿಗೆ. ಈ ಬೇಸಿಗೆಯಲ್ಲಿ ಭೂಮಿ ನಡುಗಿ, ನೆಲ ಅಡ್ಡಡ್ಡ ಸೀಳಿತು. ಬೇಲಿ ನಡುವೆ ಕಿತ್ತುಹೋಗಿ ಎರಡು ತುದಿಗಳೂ ಒಂದಾಳುದ್ದ ಅಕ್ಕಪಕ್ಕಕ್ಕೆ ಸರಿದು ನಿಂತವು. ಲುಮೊಳ ಪಾಲಿನ ಒರತೆ ಬತ್ತಿ, ಆ ನೀರು ಹೋಗಿ ಎರಡು ತುದಿಗಳ ನಡುವಿನ ಸೀಳಿನಲ್ಲಿ ಉಕ್ಕತೊಡಗಿತು. ಮೇಲಿನ ಬೇಲಿಯ ಗೆರೆ ಸರಿ ಎಂದರೆ ನೀರು ಲುಮೊಳದು, ಕೆಳಗಿನದು ಸರಿ ಎಂದರೆ ದೋರ್ಲೊನದು. ಗಂಡ ಸತ್ತ ಮೇಲೆ ಹಿಂಡನ್ನು ಒಬ್ಬಳೇ ನಿಭಾಯಿಸುತ್ತಿದ್ದವಳು ಅವಳು. ಆ ನೀರು ತಪ್ಪಿದರೆ ಚಳಿ ಬೀಳುವ ಮೊದಲು ಅರ್ಧದಷ್ಟು ಚಮರಿಗಳನ್ನು ಮಾರಲೇಬೇಕಿತ್ತು.

"ಆಣೆ ಮಾಡಮ್ಮ" ಎಂದ ಅಖು.

"ಮಾಡಲ್ಲ" ಎಂದಳು ಲುಮೊ.

ದೋರ್ಲೊ ಮೀಸೆಯಡಿಯಲ್ಲೇ ನಕ್ಕ. "ಗೊತ್ತಿತ್ತು ನನಗೆ."

"ನಿನಗೆ ಏನು ಗೊತ್ತಿತ್ತೋ? ಭೂಮಿ ನಡುಗಿದ್ದನ್ನ ಅಳೆಯೋರು ಬಂದು ಹದಿನೈದು ದಿನ ನನ್ನ ಡೇರೆಯಲ್ಲೇ ಇದ್ರಲ್ಲ, ಅವರನ್ನ ಕೇಳಿದೀನಿ. ನಿನ್ನದು ಆ ಕಡೆ ಹೋಗಿದೆ, ನನ್ನದು ಈ ಕಡೆ ಬಂದಿದೆ. ಎರಡೂ ಜರುಗಿವೆ."

"ನಿಮ್ಮ ಬೆಣ್ಣೆ ಚಹಾ ಕುಡಿದವರು ನಿಮಗೆ ಬೇಕಾದ್ದೇ ಹೇಳ್ತಾರೆ ಬಿಡಿ."

"ಚಹಾದ ಋಣಕ್ಕೆ ಹೇಳೋ ಹಾಗಿದ್ರೆ ನಿನ್ನದು ಮಾತ್ರ ಜರುಗಿದೆ ಅಂತಿದ್ರು. ನನ್ನದನ್ನ ಯಾಕೆ ಸೇರಿಸ್ತಿದ್ರು?"

ಅಖು ಕುತೂಹಲದಿಂದ ಮುಂದೆ ಬಾಗಿದ. "ನೆಲ ಯಾಕೆ ಜರುಗಬೇಕು? ಅದನ್ನ ಹೇಳಿದ್ರಾ?"

"ಹೇಳಿದ್ರು. ನಮ್ಮ ನಾಡು ಒಂದೇ ತುಂಡಲ್ಲವಂತೆ ಅಖು. ಡೇರೆ ಬಟ್ಟೆ ಹಾಗೆ, ಪಟ್ಟಿ ಪಟ್ಟಿ ಸೇರಿಸಿ ಹೊಲಿದದ್ದು. ಒಂದೊಂದು ನೆಲವೂ ಒಂದೊಂದು ಕಾಲಕ್ಕೆ ತೇಲಿ ಬಂದು ಗುದ್ದಿ ಅಂಟಿಕೊಂಡಿದೆ. ನಡುವೆ ಇದ್ದ ಕಡಲು ಮುಚ್ಚಿಹೋಗಿ, ಅದರ ತಳದ ಕಲ್ಲು ಹೊಲಿಗೆಯ ಉದ್ದಕ್ಕೂ ಮೇಲೆ ಬಂದಿದೆ. ನಮ್ಮ ಮಾಚೆನ್ ನಿಂತಿರೋದೂ ಅಂಥ ಒಂದು ಹೊಲಿಗೆ ಮೇಲೇನೇ. ಎಲ್ಲಕ್ಕಿಂತ ಕಡೆಗೆ ಬಂದದ್ದು ತೆಂಕಣ ದೇಶದ ನೆಲ. ಬಂದು ಗುದ್ದಿ ಸುಮ್ಮನೆ ಕೂತಿಲ್ಲ, ಇವತ್ತಿಗೂ ತಳ್ತಾನೇ ಇದೆ. ನಾವು ಮೇಲೇಳೋ ಅಷ್ಟು ಎದ್ದಾಯ್ತು. ಇನ್ನೆಲ್ಲಿಗೆ ಹೋಗೋದು? ಪಕ್ಕಕ್ಕೆ ಜಾರ್ತಿದೀವಿ. ನಾನು, ನೀವು, ಇವನು, ಇವನು ಆಣೆ ಮಾಡಿದ ಬೆಟ್ಟ, ಎಲ್ಲರೂ."

"ಕೇಳಿಸಿತಾ ಅಖು?" ದೋರ್ಲೊ ಕೆಂಡವಾದ. "ಬೆಟ್ಟದಪ್ಪನೇ ಜಾಗ ಬಿಟ್ಟ ಅಂತಿದಾರೆ."

ಅಖು ಟೋಪಿ ತೆಗೆದ. ಬೆಟ್ಟದ ಹಿಮದ ತುದಿಗೆ ಕೈಮುಗಿದ. ಮಾತು ಎರಡು ಹೆಜ್ಜೆ ಮುಂದೆ ಹೋಯಿತೇನೋ ಎಂದು ಲುಮೊಗೆ ಅನ್ನಿಸಿತು. ಆದರೆ ಆಡಿದ್ದನ್ನು ಹಿಂದಕ್ಕೆ ತೆಗೆದುಕೊಳ್ಳುವ ಜಾಯಮಾನ ಅವಳದಲ್ಲ.

"ಬೆಟ್ಟದಪ್ಪನ ಪಟ ನೋಡಿದೀಯೇನೋ ದೋರ್ಲೊ?" ಎಂದ ಅಖು. "ಬಿಳಿ ಕುದುರೆ ಮೇಲೆ ಕೂತಿದಾನೆ. ಒಂದೇ ಕಡೆ ಇರೋ ಹಾಗಿದ್ರೆ ಅವನಿಗೆ ಕುದುರೆ ಯಾಕೆ?"

ದೋರ್ಲೊನ ಮುಖ ಸಣ್ಣಗಾಯಿತು. ಕಂಬದ ಮೇಲಿದ್ದ ಕೈಯನ್ನು ಮೆಲ್ಲಗೆ ತೆಗೆದ. "ಹಾಗಾದ್ರೆ ನಾನು ಮಾಡಿದ್ದು ಸುಳ್ಳಾಣೆಯಾ?"

"ಗೊತ್ತಿಲ್ಲದೆ ಮಾಡಿದ್ದು. ದೇವದಾರು ಸೊಪ್ಪಿನ ಹೊಗೆ ಹಾಕಿ ತಪ್ಪಾಯ್ತು ಅನ್ನು, ಸಾಕು. ತನಗೆ ನಷ್ಟವಾದ್ರೂ ಇದ್ದದ್ದು ಇದ್ದ ಹಾಗೆ ಹೇಳಿದವಳ ಮಾತನ್ನ ನಾನು ನಂಬ್ತೀನಿ. ಕಂಬದ ಜೊತೆ ಹುಲ್ಲೂ ಜರುಗಿದೆ. ಹಿಡಿ ಹುಲ್ಲೂ ಯಾರ ಪಾಲಿಂದಲೂ ಹೋಗಿಲ್ಲ. ಯಾವ ಬೇಲಿಯನ್ನೂ ನೆಟ್ಟಗೆ ಮಾಡಬೇಡಿ. ಎರಡು ತುದಿಗೂ ಸೇರಿಸಿ ನೀರಿನ ಮೇಲೆ ಅಡ್ಡ ತಂತಿ ಕಟ್ಟಿ. ನಿನ್ನ ಹಿಂಡು ಆ ಕಡೆಯಿಂದ ಕುಡೀಲಿ, ಅವಳದು ಈ ಕಡೆಯಿಂದ."

ಲುಮೊಗೆ ಕಣ್ಣು ತುಂಬಿ ಬಂತು. ಅದು ಮೈದುನನಿಗೆ ಕಾಣದಿರಲೆಂದು ತಂತಿಯ ಸುರುಳಿ ತರಲು ಓಡಿದಳು. ಅವಳು ಒಂದು ತುದಿ ಹಿಡಿದಳು. ದೋರ್ಲೊ ಇನ್ನೊಂದು ತುದಿಯನ್ನು ಕಂಬಕ್ಕೆ ಸುತ್ತಿ, ಸೋತ ಸಿಟ್ಟನ್ನೆಲ್ಲ ಅದರ ಮೇಲೆ ಹಾಕಿ ಬಿಗಿಯಾಗಿ ಜಗ್ಗತೊಡಗಿದ.

"ಅಷ್ಟು ಬಿಗಿ ಬೇಡವೋ" ಎಂದಳು ಲುಮೊ. "ಒಂದು ಮೊಳ ಸಡಿಲ ಬಿಡು. ತೆಂಕಣದವರು ಇನ್ನೂ ತಳ್ತಿದಾರೆ."

"ಅದೇನು ನಮ್ಮ ಕಾಲದಲ್ಲಿ ಆಗೋದಾ ಅತ್ತಿಗೆ?"

"ಯಾರಿಗೆ ಗೊತ್ತು? ಮೊಮ್ಮಕ್ಕಳ ಕಾಲಕ್ಕಾದ್ರೆ, ಅವರು ಆಣೆ ಮಾಡೋಕೆ ಇಲ್ಲಿಗೆ ಬರೋದು ಬೇಡ."

ದೋರ್ಲೊ ಕಟ್ಟಿದ್ದ ಗಂಟು ಬಿಚ್ಚಿ ಎರಡು ಮೊಳ ಬಿಟ್ಟ.