ಪುತಳಾಬಾಯಿಯ ಬುಟ್ಟಿ

ಬುಟ್ಟಿಯೊಳಗೆ ಇಳಿದ ಪುತಳಾಬಾಯಿಯ ಕೈ ಅಲ್ಲೇ ನಿಂತಿತು. ಕಮಲಾಪುರದಿಂದ ತಂದ ಕೆಂಪು ಬಾಳೆಹಣ್ಣನ್ನೆಲ್ಲ ಮುಂಜಾನೆಯೇ ಮಾರಿ, ಖಾಲಿ ಬುಟ್ಟಿಯನ್ನು ಅವಳೇ ಆಟಕ್ಕೆ ಕೊಟ್ಟಿದ್ದಳು.

ನಿಜಾಮರ ಹೈದರಾಬಾದಿನಿಂದ ಕಲಬುರ್ಗಿಯ ಉರುಸಿಗೆ ಬಂದಿದ್ದ ಗೌಸುದ್ದೀನ್ ವಶೀಕರಣದ ಆಟ ತೋರಿಸುತ್ತಿದ್ದ. ಬೆಳ್ಳಿಯ ಗಡಿಯಾರ ತೂಗಾಡಿಸಿ, ಬುಟ್ಟಿ ತುಂಬ ಹಣ್ಣಿದೆ ಎಂದಿದ್ದ. ಗಡಿಯಾರವನ್ನೇ ದಿಟ್ಟಿಸುತ್ತಿದ್ದ ಜನ ಬರಿಗೈ ಬಾಯಿಗಿಟ್ಟು ಚಪ್ಪರಿಸಿದ್ದರು. ಗಡಿಯಾರ ನೋಡದವರ ಮೇಲೆ ಅವನ ವಿದ್ಯೆ ಈವರೆಗೆ ನಡೆದಿರಲಿಲ್ಲ. ಪುತಳಾಬಾಯಿ ಹುಟ್ಟುಕುರುಡಿ.

"ಇವು ಎಲ್ಲಿಂದ ಬಂದ್ವುರಿ ಸಾಹೇಬರ?" ಎಂದಳು ಆಕೆ. "ನಮ್ಮ ತ್ವಾಟದ್ದೇ ವಾಸನಿ ಅದ."

ಗೌಸುದ್ದೀನ್ ಬಗ್ಗಿ ನೋಡಿದ. ಬುಟ್ಟಿಯಲ್ಲಿ ಏನೂ ಇರಲಿಲ್ಲ. ಆಕೆಯ ಬೆರಳುಗಳು ಮಾತ್ರ ಗಾಳಿಯಲ್ಲಿ ನಿಧಾನವಾಗಿ ಸಿಪ್ಪೆ ಸುಲಿಯುತ್ತಿದ್ದವು.

"ತಗೋರಿ. ಎಲ್ಲಾರಿಗಿ ತಿನ್ಸೀರಿ, ನೀವೊಬ್ಬರ ಉಪಾಸ ಅದೀರಿ."

ಅವನು ಚಾಚಿದ ಅಂಗೈಗೆ ಏನೋ ಭಾರ ತಗುಲಿತು. ಮೂವತ್ತು ವರ್ಷ ಜನರ ಕಣ್ಣು ಕಟ್ಟಿದವನು ತನ್ನ ಕಣ್ಣನ್ನೇ ಉಜ್ಜಿಕೊಂಡ. ಇನ್ನೊಮ್ಮೆ ನೋಡಿದ. ಅಂಗೈ ಖಾಲಿಯೇ ಇತ್ತು. ಆಗ ಅವನು ಮೆಲ್ಲಗೆ ಕಣ್ಣು ಮುಚ್ಚಿ, ಕೈಯನ್ನು ಬಾಯಿಗೆ ತಂದ. ನಾಲಿಗೆ ಸಿಹಿಯಾಯಿತು.